ಒಲೆಗೊಂದು ಆಳು

ಹಂಪಿ ನೋಡಲು ಬಂದವರು ದಾರಿ ತಪ್ಪಿ ನಮ್ಮೂರಿಗೆ ಬಂದಾಗ ಕೇಳುವುದು ಒಂದೇ ಬಗೆಯ ಪ್ರಶ್ನೆ. ಆನೆ ಎಲ್ಲಿ ಕಟ್ಟುತ್ತಿದ್ದರು, ರಾಣಿ ಎಲ್ಲಿ ಸ್ನಾನ ಮಾಡುತ್ತಿದ್ದಳು. ನನಗೆ ಗೊತ್ತಿಲ್ಲ, ಗೊತ್ತು ಮಾಡಿಕೊಳ್ಳುವ ಆಸೆಯೂ ಇಲ್ಲ. ರಾಣಿ ಎಲ್ಲಿ ಬೇಕಾದರೂ ಸ್ನಾನ ಮಾಡಿರಲಿ, ಅವಳ ನೀರಿಗೆ ಯಾರೂ ಅಡ್ಡ ಬಂದಿರಲಿಕ್ಕಿಲ್ಲ. ನನ್ನ ನೀರಿಗೆ ಬಂದರು. ನನಗೆ ಗೊತ್ತಿರುವ ಇತಿಹಾಸ ಅದೊಂದೇ, ಅದನ್ನೇ ಬರೆಯುತ್ತೇನೆ. ಅಕ್ಷರ ಕಲಿತದ್ದು ತಡವಾಗಿ, ಮಗಳ ಪಾಟಿಯ ಪಕ್ಕ ಕೂತು. ಎಲ್ಲಾದರೂ ಒತ್ತು ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ. ವಿಷಯ ತಪ್ಪಿಲ್ಲ.

ನಮ್ಮೂರು ಹೊಸಪೇಟೆಗೂ ಕಂಪ್ಲಿಗೂ ನಡುವೆ ಹೊಳೆಯ ಮಗ್ಗುಲಲ್ಲಿದೆ. ಆಗ ಈ ದಂಡೆ ಮದರಾಸು ಸರ್ಕಾರದ್ದು, ಆ ದಂಡೆ ಮೊಗಲಾಯಿ, ಅಂದರೆ ಹೈದರಾಬಾದಿನ ಸೀಮೆ. ದಕ್ಷಿಣಕ್ಕೆ ಬಂಡಿ ಹೊಡೆದರೆ ಸಂಡೂರಿನ ಗುಡ್ಡಗಳು, ಅಲ್ಲಿಗೆ ಇನ್ನೊಬ್ಬ ರಾಜ. ಮೂರು ಸರ್ಕಾರಗಳ ನಡುವೆ ನಾವು ಒಂದೇ ಹೊಳೆಯ ನೀರು ಕುಡಿದು ಬದುಕಿದ್ದೆವು. ನಾನು ಹುಟ್ಟಿದ್ದು ಆ ದಂಡೆಯಲ್ಲಿ. ಮದುವೆಯಾಗಿ ಹರಿಗೋಲಿನಲ್ಲಿ ಕೂತು ಈ ದಂಡೆಗೆ ಬಂದೆ. ಹರಿಗೋಲು ಸುತ್ತಿ ಸುತ್ತಿ ತಲೆ ತಿರುಗಿ, ಇಳಿದ ಕೂಡಲೇ ಅತ್ತೆಯ ಹೊಸ ಸೀರೆಯ ಮೇಲೆ ವಾಂತಿ ಮಾಡಿದೆ. ಅತ್ತೆಗೂ ನನಗೂ ಪರಿಚಯವಾದದ್ದು ಹೀಗೆ. ಆಮೇಲೆ ನಾನು ಮಾಡಿದ ಪ್ರತಿಯೊಂದು ತಪ್ಪಿಗೂ ಅವರು ‘ಮೊಗಲಾಯಿದಕಿ’ ಎಂದು ಬೈಯುತ್ತಿದ್ದರು. ತಪ್ಪುಗಳಿಗೇನೂ ಬರವಿರಲಿಲ್ಲ.

ಹೊಳೆಗೆ ಅಡ್ಡವಾಗಿ ಹಳೆಯ ಕಾಲದ ಕಲ್ಲಿನ ಒಡ್ಡು ಇತ್ತು. ಸುಣ್ಣವಿಲ್ಲ, ಗಾರೆಯಿಲ್ಲ, ಬಂಡೆಯಿಂದ ಬಂಡೆಗೆ ಕಲ್ಲು ಒಟ್ಟಿ ನಿಲ್ಲಿಸಿದ್ದು. ಅದು ನೀರನ್ನು ತಡೆದು ಕಾಲುವೆಗೆ ತಿರುಗಿಸುತ್ತಿತ್ತು, ಕಾಲುವೆ ನಮ್ಮ ಗದ್ದೆಗಳಿಗೆ ಕೊಡುತ್ತಿತ್ತು. ಮೊದಲು ಕಟ್ಟಿಸಿದವರು ರಾಜರೇ ಇರಬಹುದು. ಆದರೆ ಪ್ರತಿ ಮಳೆಗಾಲ ಹೊಳೆ ತುಂಬಿ ಬಂದು ಅಲ್ಲಲ್ಲಿ ಕಲ್ಲು ಕಿತ್ತುಕೊಂಡು ಹೋಗುತ್ತಿತ್ತು, ಪ್ರತಿ ವರ್ಷ ಅದನ್ನು ತಿರುಗಿ ಕಟ್ಟಿದವರು ನಮ್ಮೂರಿನವರು. ಒಂದು ಸಲ ಕಟ್ಟಿಸಿದವರಿಗೆ ಹೆಸರು ಬಂತು. ವರ್ಷ ವರ್ಷ ಕಟ್ಟಿದವರಿಗೆ ಸೊಂಟನೋವು ಬಂತು.

ದೀಪಾವಳಿ ಕಳೆದು ಹೊಳೆ ಇಳಿದ ಮೇಲೆ ತಳವಾರ ಹಲಗೆ ಬಡಿಯುತ್ತ ಬೀದಿ ಬೀದಿ ಸಾರುತ್ತಿದ್ದ. ‘ಒಲಿಗೊಂದು ಆಳ್ರೀ, ಒಡ್ಡಿಗೆ ಆಳ್ರೀ.’ ಒಲೆ ಉರಿಯುವ ಪ್ರತಿ ಮನೆಯ ಮುಂದೆ ನಿಂತು ಕೂಗಬೇಕು, ಒಳಗಿನಿಂದ ‘ಹೂಂ’ ಅನ್ನಬೇಕು. ಒಡ್ಡಿನ ಕಿಂಡಿಗಳೆಲ್ಲ ಮುಚ್ಚುವವರೆಗೆ ಪ್ರತಿ ಒಲೆಯಿಂದ ಒಬ್ಬರು ಹೊಳೆಗೆ ಇಳಿದು ಕೆಲಸ ಮಾಡಬೇಕು. ಆಳು ಕಳಿಸಿದ ಒಲೆಗೆ ಆ ವರ್ಷ ಕಾಲುವೆ ನೀರಿನ ಪಾಳಿ. ಆಳಿಲ್ಲದಿದ್ದರೆ ಪಾಳಿಯಿಲ್ಲ. ಲೆಕ್ಕಕ್ಕೆ ಬರುವುದು ಮನೆಯಲ್ಲ, ಜಮೀನಲ್ಲ, ಒಲೆ. ಒಂದೇ ಮಾಡಿನ ಕೆಳಗೆ ಅಣ್ಣತಮ್ಮಂದಿರು ಎರಡು ಒಲೆ ಹೂಡಿದ್ದರೆ ಎರಡು ಪಾಳಿ. ಚಳಿ ನೀರಿನಲ್ಲಿ ನಿಲ್ಲುವ ಕೆಲಸವಾದ್ದರಿಂದ ಆ ಬೆಳಗ್ಗೆ ಊರಿನ ಗಂಡಸರಲ್ಲಿ ಅರ್ಧ ಮಂದಿಗೆ ಹೊಟ್ಟೆನೋವು ಬರುತ್ತಿತ್ತು. ಹೆಂಡಂದಿರು ಬೈದು ಕಳಿಸುತ್ತಿದ್ದರು.

ನಮ್ಮ ಮನೆಯವರು ಹೊಟ್ಟೆನೋವಿನ ನೆಪ ಹೇಳಿದವರಲ್ಲ. ಅಣ್ಣನಿಂದ ಬೇರೆಯಾಗಿ ತಮ್ಮ ಪಾಲಿನ ಗದ್ದೆಯಲ್ಲಿ ಕಬ್ಬು ಹಚ್ಚಿದ್ದರು, ಬದುವಿನ ಮೇಲೆ ಬಾಳೆ. ಬಿಡುವಿನಲ್ಲಿ ಸಂಡೂರಿನ ಗುಡ್ಡಕ್ಕೆ ಬಂಡಿ ಕಟ್ಟಿಕೊಂಡು ಹೋಗಿ ಅದಿರು ಹೇರಿ ಹೊಸಪೇಟೆಯ ರೈಲಿಗೆ ಮುಟ್ಟಿಸುತ್ತಿದ್ದರು. ಆ ವರ್ಷ ದಸರಾ ಮುಗಿಸಿ ಹೋದವರು ಜ್ವರ ಹೊತ್ತು ಬಂದರು. ಬಂಡಿಯಲ್ಲಿ ತಾವೇ ಮಲಗಿದ್ದರು, ಎತ್ತುಗಳೇ ದಾರಿ ಹಿಡಿದು ಮನೆಗೆ ಬಂದು ನಿಂತವು. ಮೈಯೆಲ್ಲ ಗುಡ್ಡದ ಕೆಂಪು ಧೂಳು. ಅದನ್ನು ತೊಳೆಯುವಷ್ಟರಲ್ಲಿ ಮೈ ಕೆಂಡವಾಗಿತ್ತು, ವಾರ ತುಂಬುವ ಮೊದಲೇ ಹೋದರು. ಒಳ್ಳೆಯ ಮನುಷ್ಯ. ಅಷ್ಟು ಬೇಗ ಹೋದದ್ದಕ್ಕೆ ನನಗೆ ಈಗಲೂ ಅವರ ಮೇಲೆ ಸಿಟ್ಟಿದೆ. ಮಗಳು ಆಗಿನ್ನೂ ಗೋಡೆ ಹಿಡಿದು ನಡೆಯುತ್ತಿದ್ದಳು.

ಸತ್ತ ಮನೆಯಲ್ಲಿ ಸೂತಕ ಕಳೆಯುವ ತನಕ ಒಲೆ ಹಚ್ಚುವುದಿಲ್ಲ. ಪಕ್ಕದಲ್ಲೇ ಭಾವನ ಮನೆ, ಅಂದರೆ ನಮ್ಮ ಮನೆಯವರ ಅಣ್ಣನ ಮನೆ. ಅಲ್ಲಿಂದ ಊಟ ಬರುತ್ತಿತ್ತು. ಅತ್ತೆ ಇರುತ್ತಿದ್ದದ್ದೂ ಅಲ್ಲೇ, ಹಿರಿಯ ಮಗನ ಮನೆಯಲ್ಲಿ. ಭಾವನನ್ನು ನಾನು ಏಕವಚನದಲ್ಲಿ ಬರೆಯುತ್ತಿದ್ದೇನೆ. ತಿಳಿದೇ ಬರೆಯುತ್ತಿದ್ದೇನೆ.

ಸೂತಕ ಕಳೆಯಿತು, ದೀಪಾವಳಿಯೂ ಕಳೆಯಿತು. ಊಟ ಇನ್ನೂ ಅಲ್ಲಿಂದಲೇ ಬರುತ್ತಿತ್ತು, ನಾನು ಒಲೆ ಹಚ್ಚಿರಲಿಲ್ಲ. ಒಂದು ಮುಂಜಾನೆ ಹಲಗೆಯ ಸದ್ದು ಕೇಳಿತು. ನಾನು ‘ಹೂಂ’ ಅನ್ನಲು ಬಾಗಿಲಿಗೆ ಬಂದು ನಿಂತೆ. ತಳವಾರ ಭಾವನ ಮನೆಯ ಮುಂದೆ ನಿಂತು ಕೂಗಿದ. ನಮ್ಮ ಬಾಗಿಲು ಬಂದಾಗ ತಲೆ ತಗ್ಗಿಸಿಕೊಂಡು ದಾಟಿ, ಆಚೆ ಮನೆಯ ಮುಂದೆ ನಿಂತು ಕೂಗಿದ.

ಓಡಿ ಹೋಗಿ ತಡೆದೆ. ‘ನಮ್ಮನಿ ಬಿಟ್ಟಿಯಲ್ಲೋ ತಮ್ಮಾ?’

ಅವನು ಹಲಗೆಯ ಮೇಲೆ ಕೈ ಇಟ್ಟು ಸದ್ದು ನಿಲ್ಲಿಸಿದ. ಆಮೇಲೆ ಹೇಳಿದ: ‘ನಿಮ್ಮ ಒಲಿ ಆರೇತಂತ, ಯಕ್ಕ. ನಿಮ್ಮ ಭಾವನೋರ ಒಲಿಗೆ ಕೂಡೇತಂತ ಕಟ್ಟಿಮ್ಯಾಲ ಹೇಳ್ಯಾರ. ನಂದೇನೈತಿ ಇದರಾಗ?’

ಅವನದೇನೂ ಇರಲಿಲ್ಲ, ನಿಜ. ಇದ್ದದ್ದೆಲ್ಲ ಭಾವನದು. ಒಲೆ ಕೂಡಿದರೆ ಪಾಳಿ ಕೂಡಿತು, ಪಾಳಿ ಹೋದರೆ ನನ್ನ ಗದ್ದೆಗೆ ಬಿಡುವ ನೀರು ಅವನ ಕೈಗೆ ಹೋಯಿತು. ಮೊದಲ ವರ್ಷ ಕಬ್ಬು ಒಣಗುತ್ತದೆ. ಎರಡನೆಯ ವರ್ಷ ‘ಹಾಳು ಬಿಡೋದ್ಯಾಕ, ನಾನೇ ಮಾಡ್ತೀನಿ’ ಅನ್ನುತ್ತಾನೆ. ಮೂರನೆಯ ವರ್ಷ ಅದು ನನ್ನ ಗದ್ದೆ ಎಂದು ನೆನಪಿಡುವವರು ಯಾರೂ ಇರುವುದಿಲ್ಲ. ಇದು ನನ್ನ ಕಲ್ಪನೆಯಲ್ಲ, ಊರಿನಲ್ಲಿ ಎರಡು ಮನೆಗಳಲ್ಲಿ ಹೀಗೆಯೇ ಆಗಿತ್ತು. ಆ ಇಬ್ಬರು ಹೆಣ್ಣುಮಕ್ಕಳು ಮೈದುನರ ಮನೆಯಲ್ಲಿ ಸಗಣಿ ಬಳಿಯುತ್ತಿದ್ದರು.

ನಾನು ಒಳಗೆ ಬಂದು ಒಲೆಯ ಬೂದಿ ತೆಗೆದೆ, ಸಾರಿಸಿದೆ, ಕುಳ್ಳು ಇಟ್ಟು ಕಡ್ಡಿ ಗೀರಿ ಹಚ್ಚಿದೆ. ಹೊಗೆ ಚೆನ್ನಾಗಿ ಮೇಲೆ ಹೋಗಲಿ ಎಂದು ಹಸಿ ಕಂಟಿಯನ್ನೂ ತುರುಕಿದೆ. ರೊಟ್ಟಿ ಬಡಿದು ಮಗಳಿಗೆ ತಿನ್ನಿಸಿ, ಅವಳನ್ನು ಕಂಕುಳಲ್ಲಿ ಇಟ್ಟುಕೊಂಡು ಸೀದಾ ಊರ ಗೌಡರು ಕೂತು ನ್ಯಾಯ ಹೇಳುವ ಕಟ್ಟೆಗೆ ಹೋದೆ. ಗಂಡ ಸತ್ತು ತಿಂಗಳಾಗದವಳು ಕಟ್ಟೆಗೆ ಬಂದದ್ದಕ್ಕೇ ಕೆಲವರು ಮುಖ ತಿರುಗಿಸಿದರು. ಬೇವಿನ ಮರದ ಮರೆಯಲ್ಲಿ ನಿಂತು ಗೌಡರಿಗೆ ಹೇಳಿದೆ: ‘ನನ್ನ ಒಲಿ ಉರೀತೈತ್ರಿ. ಹೊಗಿ ನೋಡ್ರಿ. ಆಳು ನಾನು ಬರ್ತೀನಿ.’

ಗೌಡರು ಕೆಟ್ಟವರಲ್ಲ. ಹೊಗೆಯ ಕಡೆ ನೋಡಿದರು, ನನ್ನ ಕಡೆ ನೋಡಲಿಲ್ಲ. ‘ಬೆಂಕಿ ಎಲ್ಲಿಂದ ತಂದಿ ತಂಗಿ?’ ಎಂದು ಕೇಳಿದರು.

‘ಕಡ್ಡಿಪೆಟ್ಟಿಗಿಂದ್ರಿ.’

ಕಟ್ಟೆಯ ಮೇಲಿದ್ದವರೆಲ್ಲ ನಕ್ಕರು. ನಾನು ತಪ್ಪು ಮಾಡಿದ್ದೆ, ಆ ದಂಡೆಯವಳು ಮಾಡುವ ತಪ್ಪು. ಅಣ್ಣತಮ್ಮಂದಿರು ಬೇರೆಯಾದಾಗ ಹಳೆಯ ಒಲೆಯ ಕೆಂಡದಿಂದಲೇ ಹೊಸ ಒಲೆ ಹಚ್ಚಬೇಕು, ಅದನ್ನು ಮನೆಯ ಹಿರಿಯ ಹೆಣ್ಣು ತನ್ನ ಕೈಯಾರೆ ಕೊಡಬೇಕು ಎನ್ನುವುದು ನನಗೂ ಗೊತ್ತಿತ್ತು. ನಾವು ಬೇರೆಯಾದಾಗ ಹಾಗೆಯೇ ಹಚ್ಚಿದ್ದು. ಆದರೆ ಸೂತಕಕ್ಕೆ ಆರಿಸಿದ ಒಲೆಗೂ ಮತ್ತೆ ಹಾಗೆಯೇ ಕೆಂಡ ಬರಬೇಕು ಎನ್ನುವುದು ಈ ದಂಡೆಯ ಪದ್ಧತಿ. ನಮ್ಮ ತವರಿನ ಕಡೆ ಅದಕ್ಕೆ ಯಾವ ಬೆಂಕಿಯಾದರೂ ನಡೆಯುತ್ತಿತ್ತು. ಇಲ್ಲಿ ನಡೆಯುತ್ತಿರಲಿಲ್ಲ. ಕಡ್ಡಿ ಗೀರಿ ಹಚ್ಚಿದ್ದು ಹೊಲ ಕಾಯುವವನ ಬೆಂಕಿಗೆ ಸಮ, ಅದಕ್ಕೆ ಪಾಳಿ ಕೊಡುವುದಿಲ್ಲ ಎಂದು ಒಬ್ಬ ಮುದುಕ ನನಗೆ ಬಿಡಿಸಿ ಹೇಳಿದ.

ಭಾವ ಅಲ್ಲೇ ಕೂತಿದ್ದ. ಬೀಡಿ ಆರಿಸಿ ಬಹಳ ಮೆತ್ತಗೆ ಹೇಳಿದ: ‘ನಮ್ಮನಿ ಹೆಣಮಗಳು, ಗೌಡ್ರ. ನಮ್ಮ ಒಲಿಯಾಗ ಉಣ್ಣಲಿ. ಬ್ಯಾಡಂದೋರು ಯಾರು?’

ಎಲ್ಲರೂ ತಲೆದೂಗಿದರು. ಎಂಥ ದೊಡ್ಡ ಮನಸ್ಸು ಎಂದು ಒಬ್ಬ ಬಾಯಿ ಬಿಟ್ಟೇ ಹೇಳಿದ. ಮಾತು ಚೆಂದವೇ ಇತ್ತು. ನನ್ನ ಗದ್ದೆ ಅವನು ಉಣ್ಣುತ್ತಾನೆ, ಅವನ ಹೆಂಡತಿ ಬಡಿಸಿದ್ದನ್ನು ನಾನು ಉಣ್ಣಬೇಕು. ಅದಕ್ಕೆ ನಾನು ಕೈ ಮುಗಿಯಲೂ ಬೇಕು. ಮೈಯೆಲ್ಲ ಉರಿಯಿತು. ಉರಿಯನ್ನು ನುಂಗಿಕೊಂಡು ಗೌಡರನ್ನು ಒಂದೇ ಮಾತು ಕೇಳಿದೆ: ‘ಕೆಂಡ ಬಂದ್ರ ಪಾಳಿ ಕೊಡ್ತೀರೇನ್ರಿ?’

‘ಕೆಂಡ ಬಂದ್ರ ಒಲಿ ಒಲೀನ. ನಾಳಿ ಆಳು ಇಳಿಯೂದ್ರೊಳಗ ಬರಬೇಕು,’ ಎಂದರು. ಭಾವ ಇನ್ನೊಂದು ಬೀಡಿ ಹಚ್ಚಿದ. ಅವನ ಮನೆಯ ಕೆಂಡ ಅವನ ಮನೆಯಲ್ಲಿತ್ತು.

ಅಲ್ಲಿಂದ ನೇರ ಅವರ ಹಿತ್ತಿಲಿಗೆ ಹೋದೆ. ಅತ್ತೆ ಮೊರದಲ್ಲಿ ಜೋಳ ಹಾಕಿಕೊಂಡು ಕಲ್ಲು ಆರಿಸುತ್ತಿದ್ದರು. ನಡೆದದ್ದನ್ನೆಲ್ಲ ಹೇಳಿದೆ. ‘ಅತ್ತಿ, ಒಂದು ಕೆಂಡ ಕೊಡ್ರಿ,’ ಎಂದೆ. ಅವರು ತಲೆ ಎತ್ತಲಿಲ್ಲ. ಮತ್ತೆ ಕೇಳಿದೆ. ಅವರು ಒಂದು ಕಲ್ಲು ತೆಗೆದು ಬಿಸಾಕಿ ಮೊರ ಝಾಡಿಸಿದರು. ಒಳಗಿನಿಂದ ನೆಗೆಣ್ಣಿ, ಭಾವನ ಹೆಂಡತಿ, ಬಾಗಿಲಿಗೆ ಬಂದು ನಿಂತಳು. ನಾನು ಅವಳ ಮುಂದೆ ಮೂರನೆಯ ಸಲ ಕೇಳಲಿಲ್ಲ. ಮನೆಗೆ ಬಂದು ಅತ್ತೆಗೆ ಮನಸ್ಸಿಗೆ ಬಂದಷ್ಟು ಶಾಪ ಹಾಕಿದೆ. ಮಗ ಸತ್ತ ತಾಯಿ ಹೀಗೆ ಇರುತ್ತಾಳೆಯೇ, ಹಿರಿಯ ಮಗನ ಅನ್ನ ಅಷ್ಟು ರುಚಿಯೇ ಎಂದು ಗೋಡೆಗೆ ಹೇಳಿದೆ. ನಾಳೆ ಕೆಂಡ ಬರಲಿ ಬಿಡಲಿ, ಹೊಳೆಗೆ ಇಳಿಯುವುದೇ ಸೈ ಎಂದು ನಿರ್ಧಾರ ಮಾಡಿದೆ. ಎಳೆದು ಹಾಕಲಿ ನೋಡೋಣ.

ಮರುದಿನ ಬಿಸಿಲೇರುವ ಹೊತ್ತು. ಗಂಡಸರು ಗುದ್ದಲಿ, ಬುಟ್ಟಿ ಹಿಡಿದು ಕಟ್ಟೆಯ ಹತ್ತಿರ ಸೇರುತ್ತಿದ್ದರು. ಮುಂದೆ ನಡೆದದ್ದನ್ನು ನಾನು ಕಣ್ಣಾರೆ ನೋಡಲಿಲ್ಲ, ನೋಡಿದವರು ಒಬ್ಬರಲ್ಲ ಇಬ್ಬರಲ್ಲ ಬಂದು ಹೇಳಿದರು. ಭಾವನ ಹಿತ್ತಿಲಿಗೂ ನನ್ನ ಹಿತ್ತಿಲಿಗೂ ನಡುವೆ ಒಂದು ಮೋಟು ಗೋಡೆ ಅಷ್ಟೇ. ಕೆಂಡ ಕೊಡುವುದಿದ್ದರೆ ಕೈ ಚಾಚಿದರೆ ಸಾಕಿತ್ತು. ಅತ್ತೆ ಹಾಗೆ ಮಾಡಲಿಲ್ಲ. ಒಡೆದ ಗಡಿಗೆಯ ಬೋಕಿಯಲ್ಲಿ ಕೆಂಡ ತುಂಬಿಕೊಂಡು ಮುಂಬಾಗಿಲಿನಿಂದ ಹೊರಟರು. ನನ್ನ ಮನೆಯ ಕಡೆ ತಿರುಗದೆ ಆಚೆ ಕಡೆ ತಿರುಗಿದರು. ಊರ ನಡುವಿನ ಬೀದಿ ಹಿಡಿದು, ದೇವಸ್ಥಾನ ಸುತ್ತಿ, ಕಟ್ಟೆಯ ಮುಂದೆಯೇ ಬಂದು ನಿಂತು, ಬೂದಿ ಊದಿ ಕೆಂಡವನ್ನು ಕೆಂಪಗೆ ಮಾಡಿದರು.

ಭಾವ ಎದ್ದು ನಿಂತ. ‘ಎಲ್ಲಿಗಬೇ ಬೆಂಕಿ?’

‘ನನ್ನ ಸಣ್ಣ ಮಗನ ಒಲಿಗೆ.’

‘ಅವ ಹೋದನಲ್ಲಬೇ.’

‘ಅವ ಹೋದ,’ ಎಂದರಂತೆ ಅತ್ತೆ. ‘ಅವನ ಕೂಸಿನ ಹಸಿವು ಹೋಗೇತೇನು? ದಾರಿ ಬಿಡು. ಕೈ ಸುಡಾಕತ್ತೈತಿ.’

ಅವನು ದಾರಿ ಬಿಟ್ಟ. ಹೆತ್ತ ತಾಯಿಯ ಕೈಯಿಂದ ಬೋಕಿ ಕಸಿದುಕೊಳ್ಳುವ ಧೈರ್ಯ ಅಷ್ಟು ಜನರ ಮುಂದೆ ಯಾರಿಗೂ ಬರುವುದಿಲ್ಲ. ಅದು ಗೊತ್ತಿದ್ದೇ ಅತ್ತೆ ಅಷ್ಟು ಜನ ಸೇರುವ ತನಕ ಕಾದಿದ್ದರು. ಹಿಂದಿನ ದಿನ ಹಿತ್ತಿಲಲ್ಲಿ ಕೊಟ್ಟಿದ್ದರೆ ನೆಗೆಣ್ಣಿ ಒಬ್ಬಳೇ ಸಾಕ್ಷಿ, ಅವಳು ನೋಡಿಲ್ಲ ಎನ್ನುತ್ತಿದ್ದಳು. ಇದೆಲ್ಲ ನನಗೆ ಆಮೇಲೆ ಹೊಳೆದದ್ದು. ಅತ್ತೆಗೆ ಜೋಳ ಆರಿಸುತ್ತಿದ್ದಾಗಲೇ ಹೊಳೆದಿತ್ತು.

ನಾನು ಸೀರೆ ಎತ್ತಿ ಕಟ್ಟಿಕೊಂಡು ಹೊಳೆಗೆ ಹೊರಡುವುದರಲ್ಲಿದ್ದೆ. ಅತ್ತೆ ಒಳಗೆ ಬಂದರು. ಬೆರಳುಗಳಲ್ಲಿ ಬೊಕ್ಕೆ ಎದ್ದಿದ್ದವು. ‘ಕಣ್ ಬಿಟ್ಕೊಂಡು ಏನ್ ನೋಡ್ತಿ, ಮೊಗಲಾಯಿದಕಿ. ನಿನ್ನ ಹಾಳು ಬೂದಿ ತಗಿ. ಕುಳ್ಳು ಇಡು.’

ಇಟ್ಟೆ. ಕೆಂಡ ಸುರಿದು ಅವರೇ ಊದಿದರು. ನನಗೆ ಅಳು ಬಂತು. ಗಂಡ ಸತ್ತ ದಿನ ಜನರ ಮುಂದೆ ಅತ್ತಿದ್ದೆ, ಅದು ಅಳಬೇಕಾದ ಅಳು. ಇದು ಹಾಗಲ್ಲ, ಕೆಮ್ಮು ಬಂದ ಹಾಗೆ ಬಂತು, ತಡೆಯಲು ಆಗಲಿಲ್ಲ. ಕಾಲು ಮುಟ್ಟಲು ಬಗ್ಗಿದೆ. ಅವರು ಕಾಲು ಹಿಂದಕ್ಕೆ ಎಳೆದುಕೊಂಡರು.

‘ನಿನ್ನ ಮ್ಯಾಲಿನ ಪ್ರೀತಿಗಲ್ಲ,’ ಎಂದರು. ‘ಆ ಪಾಳಿ ನನ್ನ ಮಗ ನೀರಾಗ ನಿಂತು ಗಳಿಸಿದ್ದು. ಹಿರ್ಯಾ ನನ್ನ ಮಗ, ಅವನೂ ನನ್ನ ಮಗ. ಒಬ್ಬಂದು ಒಬ್ಬ ತಿಂತೀನಿ ಅಂದ್ರ ನಾ ಕೊಡಾಕಿಲ್ಲ. ಅಳೂದು ಸಾಕು. ರೊಟ್ಟಿ ಬಡಿ, ಹಸದೀನಿ.’

ಬಡಿದೆ. ತಿಂದರು. ಅಂಚು ಬೆಂದಿಲ್ಲ ಎಂದರು. ಬೆಂದಿತ್ತು. ಅಂದಿನಿಂದ ಅವರು ಆ ಮನೆಗೆ ತಿರುಗಿ ಹೋಗಲಿಲ್ಲ, ಹೋಗಿದ್ದರೆ ಒಳಗೆ ಕರೆಯುತ್ತಿದ್ದರೋ ಇಲ್ಲವೋ. ಒಂದು ಕೆಂಡಕ್ಕೆ ಒಬ್ಬ ಮಗನ ಮನೆಯನ್ನೇ ಬಿಟ್ಟು ಬಂದ ಹೆಂಗಸು ಬದುಕಿರುವ ತನಕ ನನ್ನ ರೊಟ್ಟಿಗೆ ಹೆಸರಿಟ್ಟರೂ ನಾನು ಎದುರು ಮಾತಾಡಲಿಲ್ಲ. ಸುಳ್ಳು. ಆಡಿದೆ, ದಿನಾ ಆಡಿದೆ. ಆದರೆ ಮನಸ್ಸಿನಲ್ಲಿ ಕೈ ಮುಗಿದುಕೊಂಡೇ ಆಡಿದೆ.

ತಳವಾರ ಬಂದ. ಹಲಗೆ ಬಡಿದು ನಮ್ಮ ಬಾಗಿಲ ಮುಂದೆ ಬೇಕೆಂದೇ ಜೋರಾಗಿ ಕೂಗಿದ. ಅತ್ತೆಯೂ ನಾನೂ ಒಟ್ಟಿಗೇ ‘ಹೂಂ’ ಅಂದೆವು.

ಹೊಳೆಯ ದಂಡೆಗೆ ಬಂದಾಗ ಸಾಲು ಆಗಲೇ ನೀರಿಗೆ ಇಳಿದಿತ್ತು. ದಂಡೆಯಿಂದ ಒಡ್ಡಿನ ಕಿಂಡಿಯ ತನಕ ಒಬ್ಬರ ಪಕ್ಕ ಒಬ್ಬರು ನಿಂತು ಕಲ್ಲು, ಜೇಡಿಮಣ್ಣು, ಹುಲ್ಲಿನ ಸೂಡು ಕೈಯಿಂದ ಕೈಗೆ ದಾಟಿಸುವುದು ಕೆಲಸ. ಅಣ್ಣತಮ್ಮಂದಿರ ಒಲೆಗಳು ಸಾಲಿನಲ್ಲೂ ಪಕ್ಕಪಕ್ಕ. ಭಾವ ಸೊಂಟದ ತನಕ ನೀರಿನಲ್ಲಿ ನಿಂತಿದ್ದ. ಅವನ ಆಚೆ, ನಮ್ಮ ಮನೆಯವರು ನಿಲ್ಲುತ್ತಿದ್ದ ಜಾಗ ಖಾಲಿ ಇತ್ತು. ಮಣ್ಣಿನ ಬುಟ್ಟಿ ಹೊತ್ತು ದಂಡೆಗೆ ತರುತ್ತಿದ್ದವರೆಲ್ಲ ಕೂಲಿ ಹೆಂಗಸರೇ. ಕೂಲಿಗೆ ಹೆಂಗಸು ಎಷ್ಟು ಭಾರ ಹೊತ್ತರೂ ಆ ಊರಿನಲ್ಲಿ ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ. ನಾನು ಪಾಳಿಗಾಗಿ ಕಾಲು ತೋಯಿಸಿದ ಕೂಡಲೇ ಸಾಲಿಗೆ ಸಾಲೇ ತಿರುಗಿ ನೋಡಿತು.

ಗೌಡರು ಬಂಡೆಯ ಮೇಲಿಂದ ಇಳಿದು ಬಂದರು. ಮುಖದಲ್ಲಿ ನಿಜವಾದ ಕನಿಕರವಿತ್ತು. ‘ನೀ ಗೆದ್ದಿ, ತಂಗಿ. ಇಷ್ಟಕ್ಕ ಸಾಕು. ನೀರು ಭಾಳ ಥಂಡಿ ಐತಿ, ಸೆಳವೂ ಐತಿ. ಹೆಣಮಗಳು ಇಳೀಬ್ಯಾಡ. ನಿನ್ನ ಪಾಳಿ ನೀರು ಧರ್ಮಕ್ಕ ಬಿಡಸ್ತೀನಿ. ಊರೆಲ್ಲ ಒಪ್ಪತೈತಿ, ಕೇಳು ಬೇಕಾದ್ರ.’

ಸಾಲಿನಲ್ಲಿದ್ದವರು ಹೌದು ಹೌದು ಎಂದರು. ನನ್ನ ಪಾದ ಆಗಲೇ ಮರಗಟ್ಟಿತ್ತು. ಹೂಂ ಅನ್ನಬೇಕೆಂದು ನನಗೂ ಅನ್ನಿಸಿತು, ಸುಳ್ಳು ಯಾಕೆ ಹೇಳಲಿ. ಮನೆಗೆ ಹೋಗಿ ಒಲೆಯ ಮುಂದೆ ಕೂತರೆ ಸಾಕು, ನೀರು ತಾನೇ ಬರುತ್ತದೆ. ಆದರೆ ಧರ್ಮಕ್ಕೆ ಬಿಟ್ಟ ನೀರನ್ನು ನಿಲ್ಲಿಸಲು ಇನ್ನೊಬ್ಬ ಗೌಡನ ಒಂದು ಮಾತು ಸಾಕು. ಆಗ ಕಟ್ಟೆಯ ಮುಂದೆ ನಿಂತು ಏನೆಂದು ಕೇಳಲಿ? ನನ್ನ ಮಗಳು ದೊಡ್ಡವಳಾಗಿ ಏನೆಂದು ಕೇಳುತ್ತಾಳೆ? ದಂಡೆಯ ಕಡೆ ನೋಡಿದೆ. ಅತ್ತೆ ಮಗಳನ್ನು ಎತ್ತಿಕೊಂಡು ನಿಂತಿದ್ದರು. ಏನೂ ಸನ್ನೆ ಮಾಡಲಿಲ್ಲ.

‘ಗೌಡ್ರ,’ ಎಂದೆ, ‘ನಿಮ್ಮನಿಗೆ ಬರೂ ನೀರು ಧರ್ಮಕ್ಕ ಬರ್ತೈತೇನ್ರಿ?’

ಅವರು ಸಾಲಿನ ಕಡೆ ತಿರುಗಿ ನೋಡಿದರು. ಅವರ ಮನೆಯ ಆಳು, ಅವರ ಸ್ವಂತ ಮಗ, ಸಾಲಿನಲ್ಲೇ ನಿಂತಿದ್ದ.

‘ನಂದೂ ಹಂಗ ಬರ್ಲಿ,’ ಎಂದು ಕಚ್ಚೆ ಬಿಗಿದು ಇಳಿದೆ. ನೀರು ಮೊಣಕಾಲಿಗೆ ಬಂತು, ಸೊಂಟಕ್ಕೆ ಬಂತು. ಸೆಳವು ಒಂದು ಸಲ ಕಾಲು ಎತ್ತಿ ಹಾಕಿತು, ಯಾರದೋ ಭುಜ ಹಿಡಿದು ನಿಂತುಕೊಂಡೆ. ಸಾಲಿನ ಮುಂದೆ ಹಾಯ್ದು, ಭಾವನನ್ನು ದಾಟಿ, ಖಾಲಿ ಇದ್ದ ಜಾಗದಲ್ಲಿ ನಿಂತು ಎರಡೂ ಕೈ ಚಾಚಿದೆ.

ದಂಡೆಯಿಂದ ಒಂದು ಕಲ್ಲು ಹೊರಟಿತು. ಕೈಯಿಂದ ಕೈಗೆ ಬಂದು ಭಾವನ ಕೈಯಲ್ಲಿ ನಿಂತಿತು. ಅವನು ಅದನ್ನು ಎದೆಗೆ ಅವುಚಿಕೊಂಡು ನೀರು ನೋಡುತ್ತಾ ನಿಂತ. ಹಿಂದಿನಿಂದ ಇನ್ನೊಂದು ಕಲ್ಲು ಬಂದು ಪಕ್ಕದವನ ಕೈಯಲ್ಲಿ ಕಾಯುತ್ತಿತ್ತು, ಅದರ ಹಿಂದೆ ಮತ್ತೊಂದು. ಸೊಸೆಯಾಗಿ ಬಂದವಳು ಭಾವನ ಜೊತೆ ನೇರ ಮಾತಾಡುವುದು ನಮ್ಮಲ್ಲಿ ಇರಲಿಲ್ಲ. ಏನಿದ್ದರೂ ಅತ್ತೆಯ ಕಡೆ ತಿರುಗಿ ಹೇಳಬೇಕು. ಮದುವೆಯಾಗಿ ಅಷ್ಟು ವರ್ಷ ನಾನೂ ಹಾಗೇ ನಡೆದುಕೊಂಡಿದ್ದೆ. ನಾನು ಸೆರಗು ಸರಿ ಮಾಡಿಕೊಳ್ಳಲಿಲ್ಲ, ಮುಖವನ್ನೂ ತಿರುಗಿಸಲಿಲ್ಲ.

‘ಕಲ್ಲು ಕೊಡ್ರಿ,’ ಎಂದೆ. ‘ಹಿಂದ ಮಂದಿ ನಿಂತಾರ.’

ಕೊಟ್ಟ.